ಓರ್ವಿಲ್ ಟ್ಯಾಕೆಟ್ ಆಡಿದ ಒಂದು ಮಾತು

ಓರ್ವಿಲ್ ಟ್ಯಾಕೆಟ್‌ನ ಬೆನ್ನನ್ನು ನೋಡದವರು ಅಮೆರಿಕದಲ್ಲಿ ಇರಲಿಕ್ಕಿಲ್ಲ. ಸಿನಿಮಾದ ಮದುವೆಗಳಲ್ಲಿ, ರೈಲು ನಿಲ್ದಾಣಗಳಲ್ಲಿ, ಗುಂಪಿನೊಳಗೆ ನಿಂತು ನಿಂತೇ ಅವನ ಆಯುಷ್ಯ ಸವೆಯಿತು. ಹಾಲಿವುಡ್‌ನ ಒಂದು ಸ್ಟುಡಿಯೋದಲ್ಲಿ ಉಡುಪಿನ ಕೋಣೆ ನನ್ನದು. ಅವನಿಗೆ ಪೊಲೀಸನ ಅಂಗಿ, ಪಾದ್ರಿಯ ನಿಲುವಂಗಿ ಎಲ್ಲ ತೊಡಿಸಿದವಳು ನಾನೇ. ಇಷ್ಟು ವೇಷ ಹಾಕಿಯೂ ಒಂದು ಚಿತ್ರದಲ್ಲೂ ಅವನು ಬಾಯಿ ತೆರೆದಿರಲಿಲ್ಲ. ಸಾಯುವುದರೊಳಗೆ ಪರದೆಯ ಮೇಲೆ ಒಂದೇ ಒಂದು ಮಾತು ಆಡಬೇಕೆಂಬುದು ಅವನ ಆಸೆಯಾಗಿತ್ತು.

ಯುದ್ಧ ಮುಗಿದ ಮರುವರ್ಷ ಆ ಮಾತು ಸಿಕ್ಕಿತು. ಹೆಸರಾದ ಕಾದಂಬರಿಯೊಂದನ್ನು ಹಾಸ್ಯಚಿತ್ರ ಮಾಡುತ್ತಿದ್ದರು. ಅಂಟಿಸಿದ ಮೀಸೆಯ ಸುಳ್ಳು ಶ್ರೀಮಂತನೊಬ್ಬ ದೊಡ್ಡ ಹೋಟೆಲಿನಲ್ಲಿ ಊಟಕ್ಕೆ ಕೂತಾಗ ಮೀಸೆ ಸೂಪಿನೊಳಗೆ ಬೀಳುತ್ತದೆ. ಅಲ್ಲಿನ ಮಾಣಿ ನಮ್ಮ ಓರ್ವಿಲ್. ಕಾದಂಬರಿಯಲ್ಲಿ ಆ ಮಾಣಿಗೆ ಹೆಂಡತಿ, ಮಂಡಿನೋವು, ಇಡೀ ಒಂದು ಅಧ್ಯಾಯವಿತ್ತು. ಸಿನಿಮಾಕ್ಕೆ ಬರುವಾಗ ಉಳಿದದ್ದು ಒಂದೇ ಮಾತು. ಆದರೂ ಪುಣ್ಯಾತ್ಮ ಪುಸ್ತಕ ಕೊಂಡು ಓದಿ ಎಲ್ಲರ ತಲೆ ತಿಂದ.

"ಅಲ್ವಿನಾ, ಈ ಮಾಣಿಗೆ ಎಡಮಂಡಿ ನೋವಂತೆ. ಸ್ವಲ್ಪ ಕುಂಟ್ಲಾ?"

"ಕ್ಯಾಮೆರಾ ನಿನ್ನ ಸೊಂಟದಿಂದ ಮೇಲಷ್ಟೇ ನೋಡೋದು. ಎಷ್ಟು ಬೇಕೋ ಅಷ್ಟು ಕುಂಟ್ಕೋ," ಅಂದೆ.

ಚಿತ್ರೀಕರಣದ ದಿನ ಅವನ ಹೆಂಡತಿ ಲಿಯೋನಾ ಬಂದಳು. ಅವರ ಒಬ್ಬನೇ ಮಗ ಯುದ್ಧದಲ್ಲಿ ಸತ್ತಿದ್ದ. ಅಂದಿನಿಂದ ಅವಳು ನಕ್ಕದ್ದನ್ನು ಯಾರೂ ಕಂಡಿರಲಿಲ್ಲ. ಗಂಡ ಗೋಗರೆದನೆಂದು ಬಂದಿದ್ದಳು, ಅಷ್ಟೆ. ಹಾಸ್ಯದ ದೃಶ್ಯ ತೆಗೆಯುವಾಗ ಕ್ಯಾಮೆರಾದ ಸುತ್ತ ಇರುವವರೆಲ್ಲ ಕರವಸ್ತ್ರ ಕಚ್ಚಿ ನಿಲ್ಲುವುದು ನಮ್ಮಲ್ಲಿ ರೂಢಿ. ಒಬ್ಬರು ನಕ್ಕರೂ ದೃಶ್ಯ ಕೆಟ್ಟಂತೆ. ಅವಳಿಗೂ ಒಂದು ಕೊಟ್ಟೆ.

"ನಂಗ್ಯಾಕೆ ಇದು," ಎಂದು ಅವಳು ಅದನ್ನು ಮಡಿಲಲ್ಲಿಟ್ಟುಕೊಂಡಳು.

ಓರ್ವಿಲ್ ಬಂದ. ಬಾಗಿದ. ಸಾವಿನ ಮನೆಗೆ ಬಂದವನಂತೆ ಮುಖ ಮಾಡಿ ನುಡಿದ: "ತಮ್ಮ ಮೀಸೆ ಸೂಪಿನಲ್ಲಿದೆ, ಪ್ರಭು. ಒಣಗಿಸಿ ತರಲೇ, ಹೀಗೇ ಸೇವಿಸುತ್ತೀರಾ?"

ಲಿಯೋನಾ ನಕ್ಕುಬಿಟ್ಟಳು. ಹೊಟ್ಟೆ ಹಿಡಿದುಕೊಂಡು, ತಡೆಯಲಾರದೆ ನಕ್ಕಳು.

"ಇನ್ನೊಂದ್ಸಲ," ಎಂದರು ನಿರ್ದೇಶಕ ಪ್ರೂಯೆಟ್. "ಆ ಅಮ್ಮನ್ನ ಹೊರಗೆ ಕೂರ್ಸಿ."

ಹೊರಗೆ ಕೂರಿಸಿದೆವು. ಆದರೆ ಓರ್ವಿಲ್‌ಗೆ ಆಮೇಲೆ ಆಗಲೇ ಇಲ್ಲ. ಪ್ರತಿ ಸಲವೂ ಮಾತಿನ ನಡುವೆ ಕಣ್ಣು ತುಂಬಿತು. ಅಳುವ ಮಾಣಿಯನ್ನು ನೋಡಿ ಯಾರು ನಗುತ್ತಾರೆ? ಕೊನೆಗೆ ಪ್ರೂಯೆಟ್ ಆ ಮಾತನ್ನು ಪಕ್ಕದ ಮೇಜಿನ ಮಾಣಿಯಾಗಿದ್ದ ನಟನಿಗೆ ಕೊಟ್ಟರು.

ಕೋಟು ಬಿಚ್ಚಿಸುವಾಗ ಓರ್ವಿಲ್ ಮೆಲ್ಲಗೆ ಹೇಳಿದ: "ಹುಡುಗ ಹೋದ್ಮೇಲೆ ಇವತ್ತೇ ಕಣೇ ಅವಳ ನಗು ಕೇಳಿದ್ದು. ನನ್ನ ಮಾತಿಗೆ ನಕ್ಕಳು. ಇನ್ನು ಸಿನಿಮಾ ಹೋದ್ರೆ ಹೋಗ್ಲಿ ಬಿಡು."

ನಾನು ಸುಲಭಕ್ಕೆ ಅಳುವವಳಲ್ಲ. ಅಂದು ಅತ್ತೆ.

ಮರುವರ್ಷ ಅವನು ಎದೆನೋವಿನಿಂದ ತೀರಿಕೊಂಡ. ಮಣ್ಣು ಮಾಡಿ ಸ್ವಲ್ಪ ದಿನಕ್ಕೆ ಲಿಯೋನಾ ನನ್ನ ಕೋಣೆಗೆ ಬಂದಳು.

"ಅವರ ದನಿ ಎಲ್ಲೂ ಇಲ್ಲ ಅಲ್ವಿನಾ. ಎಲ್ಲಾ ಕಡೆ ಬರೀ ಬೆನ್ನು. ನಾನು ನಕ್ಕು ಕೆಡಿಸಿದ್ನಲ್ಲ, ಆ ರೀಲಲ್ಲಿ ಅವರ ಮಾತಿರತ್ತೆ. ಒಂದ್ಸಲ ಕೇಳಿಸ್ತೀಯಾ?"

ಕೆಟ್ಟ ರೀಲುಗಳನ್ನು ಸ್ಟುಡಿಯೋದವರು, ಕರಗಿಸಿ ಅದರೊಳಗಿನ ಬೆಳ್ಳಿ ತೆಗೆಯುವವರಿಗೆ ಮಾರಿಬಿಡುತ್ತಿದ್ದರು. ಸುಳ್ಳು ಹೇಳಲು ನಾಲಿಗೆ ಏಳಲಿಲ್ಲ.

"ಅದನ್ನ ಆಗ್ಲೇ ಕರಗಿಸಿಬಿಟ್ರು."

"ನಾನು ಬಾಯಿ ಮುಚ್ಕೊಂಡಿದ್ರೆ ಉಳೀತಿತ್ತು."

ಆಗ, ಸಮಾಧಾನವಾಗಲೆಂದು, ಕೋಟು ಬಿಚ್ಚುವಾಗ ಓರ್ವಿಲ್ ಆಡಿದ್ದನ್ನೆಲ್ಲ ಹೇಳಿದೆ. ಅವಳು ಬಾಗಿಲ ಚೌಕಟ್ಟು ಹಿಡಿದು ನಿಂತಳು.

"ನಂಗೊಂದು ಮಾತು ಹೇಳ್ಲಿಲ್ವಲ್ಲ," ಎಂದಳು. "ನನ್ನ ಮೇಲೆ ಬೇಜಾರಾಗಿದಾರೆ ಅಂದ್ಕೊಂಡೆ. ಮತ್ತೆ ಅವರೆದುರು ನಗ್ಲೇ ಇಲ್ಲ ನಾನು."