ದೊಡ್ಡವ್ವ ಕೇಳಿ ಒಯ್ಯುತ್ತಿದ್ದ ಸ್ಟೋವು

ಮೊದಲು ಮೂಗಿಗೆ ಬಡಿದದ್ದು ವಾಸನೆ. ಹಿತ್ತಲಲ್ಲಿ ಬಟ್ಟೆ ಒಣಹಾಕುತ್ತಿದ್ದವಳು ಕೈಯಲ್ಲಿದ್ದ ಸೀರೆಯನ್ನು ಅಲ್ಲೇ ಬಿಟ್ಟು ಅಂಗಳಕ್ಕೆ ಓಡಿ ಬಂದೆ. ಗದಗಿನಲ್ಲಿ ಕಾಲೇಜು ಓದುವ ನನ್ನ ತಮ್ಮನ ಮಗಳು ಗೆಳತಿಯರ ಜೊತೆ ಕಪ್ಪತಗುಡ್ಡಕ್ಕೆ ಹೊರಟಿದ್ದಳು. ತಪ್ಪಲಿನಲ್ಲಿ ಡೇರೆ ಹಾಕಿ ಇರುತ್ತಾರಂತೆ, ಅಡುಗೆಯೂ ಅಲ್ಲೇ ಅಂತೆ. ಅದಕ್ಕೆಂದು ಯಾರ ಕಡೆಯಿಂದಲೋ ಒಂದು ಸಣ್ಣ ಸ್ಟೋವು ತಂದಿದ್ದಳು. ಮಡಚುವ ಕಾಲುಗಳು, ಒಂದು ಕೊಳವೆ, ಕೊಳವೆಯ ತುದಿಗೆ ಪೆಟ್ರೋಲು ತುಂಬಿದ ಬಾಟಲಿ, ಬಾಟಲಿಯ ಕುತ್ತಿಗೆಯಲ್ಲಿ ಪುಟ್ಟ ಪಂಪು. ಹುಡುಗಿ ಕಟ್ಟೆಯ ಮೇಲೆ ಕೂತು ಗಾಳಿ ಹೊಡೆಯುತ್ತಿದ್ದಳು. ಬಾಟಲಿಯ ತಿರುಪಿನ ಹತ್ತಿರ ಹನಿ ಜಿನುಗಿ ಕಟ್ಟೆಯ ಮೇಲೆ ಇಳಿಯುತ್ತಿತ್ತು. ಪಕ್ಕದಲ್ಲೇ ಕಡ್ಡಿಪೆಟ್ಟಿಗೆ ಇತ್ತು.

ನಾನು ಅದನ್ನು ಕಸಿದುಕೊಂಡೆ.

“ಅತ್ಯಾ, ಏನಾತು? ಚಾ ಕಾಸಿ ನೋಡಾಕತ್ತಿದ್ದೆ ಅಷ್ಟ.”

“ಮೊದ್ಲ ಮೂಸು. ಆಮ್ಯಾಲ ಹಚ್ಚು,” ಎಂದೆ. ನನ್ನ ದನಿ ನನಗೇ ಗುರುತು ಸಿಗಲಿಲ್ಲ.

ಆ ಮಾತು ನನ್ನದಲ್ಲ. ಮೂವತ್ತು ವರ್ಷಗಳ ಹಿಂದೆ ಬೆಟಗೇರಿಯ ಒಂದು ಓಣಿಯಲ್ಲಿ ನನ್ನ ಬಾಜೂಮನೆಯಲ್ಲಿದ್ದ ಹೆಂಗಸಿನದು. ಗಂಡ ತೀರಿಹೋದ ಮೇಲೂ ಮಗ್ಗ ನಿಲ್ಲಿಸದ ನೇಕಾರಳು. ಓಣಿಗೆಲ್ಲ ಆಕೆ ದೊಡ್ಡವ್ವ. ಬಾಯಿ ಬಲು ಜೋರು. ಆದರೆ ಊರಿಗೆಲ್ಲ ಸವಳು ನೀರಾದರೆ ಆಕೆಯ ಹಿತ್ತಲ ಬಾವಿಯಲ್ಲಿ ಸಿಹಿನೀರು ಇತ್ತು. ನಳಕ್ಕೆ ನೀರು ಬಂದರೆ ಬಂತು ಬಿಟ್ಟರೆ ಬಿಟ್ಟಿತು ಎನ್ನುವ ಊರಿನಲ್ಲಿ ಹಾಗಾಗಿ ಯಾರೂ ಆಕೆಗೆ ಎದುರಾಡುತ್ತಿರಲಿಲ್ಲ.

ನಾನು ಶಿರಹಟ್ಟಿಯಿಂದ ಆ ಓಣಿಗೆ ಸೊಸೆಯಾಗಿ ಬಂದವಳು. ಗಂಡ ಗದಗಿನ ಅಡತಿ ಅಂಗಡಿಯಲ್ಲಿ ಗುಮಾಸ್ತ. ಅವನಿಗೆ ಅವನ ಅಕ್ಕನ ಮಗಳನ್ನು ತರುವುದೆಂದು ಅವಳು ತೊಟ್ಟಿಲಲ್ಲಿದ್ದಾಗಲೇ ಮಾತಾಗಿತ್ತಂತೆ. ನನ್ನ ಮಾವ ಮಾತ್ರ ನನ್ನ ಅಪ್ಪನಿಗೆ ಮಾತು ಕೊಟ್ಟು ನನ್ನನ್ನು ಮನೆ ತುಂಬಿಸಿಕೊಂಡರು. ಅವರು ಇರುವ ತನಕ ಎಲ್ಲ ಸರಿಯಾಗಿತ್ತು. ಅವರು ತೀರಿಕೊಂಡು ತಿಂಗಳು ಕಳೆಯುವುದರಲ್ಲಿ ಗಂಡನ ಅಕ್ಕ ಮಗಳನ್ನು ಕರೆದುಕೊಂಡು ಬಂದಳು. ಬಂದವಳು ಹೋಗುವ ಮಾತೇ ಎತ್ತಲಿಲ್ಲ. ಆ ಹುಡುಗಿ ನನ್ನ ಗಂಡನಿಗೆ ಊಟಕ್ಕೆ ಬಡಿಸತೊಡಗಿದಳು. ಗಂಡ ತಲೆ ಎತ್ತದೆ ಉಣ್ಣುತ್ತಿದ್ದ. ಅವನು ಕೆಟ್ಟವನೆಂದು ಈಗಲೂ ಹೇಳಲಾರೆ, ಆದರೆ ಬೆನ್ನೆಲುಬು ಎಂಬುದೊಂದು ಅವನಿಗೆ ಇರಲಿಲ್ಲ. ಆ ಮನೆಯಲ್ಲಿ ನಾನೊಬ್ಬಳು ಅಡ್ಡ ಎಂದು ನನಗೆ ಗೊತ್ತಿತ್ತು. ಹೆಚ್ಚೆಂದರೆ ತವರಿಗೆ ಅಟ್ಟಿಯಾರು ಅಂದುಕೊಂಡಿದ್ದೆ. ಅದರಾಚೆಗೆ ನನ್ನ ಬುದ್ಧಿ ಓಡಲಿಲ್ಲ.

ನಮ್ಮಲ್ಲಿ ಒಂದು ಹಿತ್ತಾಳೆ ಸ್ಟೋವು ಇತ್ತು. ಚಿಮಣಿ ಎಣ್ಣೆ ತುಂಬಿ, ಪಂಪು ಹೊಡೆದು ಹಚ್ಚುವಂಥದ್ದು. ಆಗ ಮನೆಮನೆಯಲ್ಲೂ ಅದೇ ಇತ್ತು. ಪೇಪರಿನ ಮೂಲೆಯಲ್ಲಿ ಆಗಾಗ ಒಂದು ಸಣ್ಣ ಸುದ್ದಿ ಬರುತ್ತಿತ್ತು, ಸ್ಟೋವು ಸಿಡಿದು ಗೃಹಿಣಿ ಸಾವು ಎಂದು. ಎಂಥ ಜಾಣ ಸ್ಟೋವುಗಳೋ! ಅತ್ತೆ ಹಚ್ಚಿದಾಗ ಸಿಡಿಯುತ್ತಿರಲಿಲ್ಲ, ನಾದಿನಿ ಹಚ್ಚಿದಾಗ ಸಿಡಿಯುತ್ತಿರಲಿಲ್ಲ, ಸೊಸೆ ಎದುರಿಗೆ ಕೂತಾಗ ಮಾತ್ರ ಸಿಡಿಯುತ್ತಿದ್ದವು. ಈಗ ಹೀಗೆ ಹೇಳಲು ಬಾಯಿ ಬರುತ್ತದೆ. ಆಗ ಆ ಸುದ್ದಿ ಓದಿ, ಪಾಪ, ಜೋಪಾನ ಮಾಡಬೇಕಿತ್ತು ಎಂದು ಪೇಪರು ಮಡಚಿ ಇಡುತ್ತಿದ್ದೆ.

ಒಂದು ಸಂಜೆ ಮಗ್ಗಗಳ ಸದ್ದು ನಿಂತ ಹೊತ್ತಿಗೆ ದೊಡ್ಡವ್ವ ನಮ್ಮ ಬಾಗಿಲಿಗೆ ಬಂದಳು.

“ಯಕ್ಕಾ, ನಮ್ಮ ಸ್ಟೋ ಕೆಟ್ಟೈತಿ. ನೂಲಿಗೆ ಗಂಜಿ ಕಾಸಬೇಕಾಗೈತಿ. ನಿಮ್ದು ಕೊಡ್ರಿ, ಮುಂಜಾನೆ ತಂದ ಕೊಡ್ತೀನಿ,” ಎಂದು ನನ್ನ ಅತ್ತೆಗೆ ಹೇಳಿ, ಉತ್ತರಕ್ಕೂ ಕಾಯದೆ ಒಳಗೆ ಬಂದು ಸ್ಟೋವು ಎತ್ತಿಕೊಂಡಳು. ಮೂಲೆಯಲ್ಲಿದ್ದ ಎಣ್ಣೆಯ ಡಬ್ಬಿಯನ್ನೂ ಇನ್ನೊಂದು ಕೈಯಲ್ಲಿ ಹಿಡಿದಳು. ಸಿಹಿನೀರು ಕುಡಿಯುವ ಅತ್ತೆ ಇಲ್ಲ ಅನ್ನಲಾರದೆ ಸುಮ್ಮನಾದರು.

ಮರುದಿನ ಸಂಜೆ ಮತ್ತೆ ಬಂದಳು. ಅದರ ಮರುದಿನವೂ ಬಂದಳು. ನನಗೆ ಸಿಟ್ಟು ಬರುತ್ತಿತ್ತು. ಸ್ಟೋವು ಇಲ್ಲದೆ ನಾನು ಕಟ್ಟಿಗೆ ಒಲೆಯ ಹೊಗೆಯಲ್ಲಿ ಕಣ್ಣು ಕೆಂಪು ಮಾಡಿಕೊಂಡು ರೊಟ್ಟಿ ಬಡಿಯಬೇಕಾಗಿತ್ತು. ಸ್ಟೋವು ರಿಪೇರಿ ಮಾಡಿಸಿಕೊಳ್ಳಲಾರದಷ್ಟು ಗತಿಗೆಟ್ಟವಳೇ ಈಕೆ ಎಂದು ಮನಸ್ಸಿನಲ್ಲೇ ಬಯ್ಯುತ್ತಿದ್ದೆ.

ಮುಂಜಾನೆ ತಂದುಕೊಡುವಾಗ ಇನ್ನೊಂದು ಕಾಟ. ಹಿತ್ತಲಲ್ಲಿ ನನ್ನನ್ನು ಕೂಡಿಸಿಕೊಂಡು ಸ್ಟೋವನ್ನು ಬಿಚ್ಚಿಸುತ್ತಿದ್ದಳು. ಪಂಪಿನ ಚರ್ಮದ ವಾಷರ್ ಒಣಗಿದೆಯೇ ನೋಡು, ಒಣಗಿದ್ದರೆ ಕೊಬ್ಬರಿ ಎಣ್ಣೆ ಸವರು. ಬರ್ನರಿನ ತೂತಿಗೆ ಪಿನ್ನು ನೆಟ್ಟಗೆ ಚುಚ್ಚು, ಓರೆಯಾದರೆ ತೂತು ಅಗಲವಾಗಿ ಉರಿ ಮೈಮೇಲೆ ಬರುತ್ತದೆ. ಬರ್ನರು ಕಾಯುವ ತನಕ ಪಂಪು ಮುಟ್ಟಬೇಡ. ಟಾಕಿಯನ್ನು ತುಳುಕುವಂತೆ ತುಂಬಬೇಡ, ಗಾಳಿಗೆ ಜಾಗ ಬೇಕು. ಎತ್ತಿ ಅಲುಗಾಡಿಸು, ಒಳಗೆ ಎಣ್ಣೆ ಕುಲುಕಿದ ಸಪ್ಪಳ ಬರಬೇಕು. ಎಲ್ಲ ಆದ ಮೇಲೆ ಸ್ಟೋವನ್ನೂ, ಕೆಳಗಿನ ನೆಲವನ್ನೂ, ನಿನ್ನ ಸೆರಗನ್ನೂ ಮೂಸು. “ಮೊದ್ಲ ಮೂಸು, ಆಮ್ಯಾಲ ಹಚ್ಚು. ಎಷ್ಟ ಅವಸರ ಇದ್ರೂ ಇದೊಂದ ಮರೀಬ್ಯಾಡ ನನ್ನವ್ವ,” ಎನ್ನುತ್ತಿದ್ದಳು. ಆಗ ಆಕೆಯ ಬಾಯಿಯ ಜೋರು ಎಲ್ಲಿಗೋ ಹೋಗಿಬಿಡುತ್ತಿತ್ತು.

ಕೆಲವು ದಿನಗಳ ನಂತರ ಆಕೆ ಸ್ಟೋವನ್ನು ವಾಪಸು ತರಲೇ ಇಲ್ಲ. ವಾಷರ್ ಹೋಗಿದೆ, ರಿಪೇರಿಗೆ ಕೊಟ್ಟಿದ್ದೇನೆ ಎಂದಳು. ಗಂಡನ ಅಕ್ಕ ಹಲ್ಲು ಕಡಿದಳು. ಮರುದಿನ ಗದಗಿಗೆ ಹೋಗಿ ಹೊಸ ಸ್ಟೋವು ತಂದಳು. ಜೊತೆಗೆ ನನಗೊಂದು ನೈಲಾನ್ ಸೀರೆ.

ಆ ಸೀರೆ ನೋಡಿ ನಾನು ಖುಷಿಪಟ್ಟೆ. ತಿಳಿನೀಲಿ ಬಣ್ಣ, ಸಣ್ಣ ಸಣ್ಣ ಬಿಳಿ ಹೂ... ಮದುವೆಯಾದ ಮೇಲೆ ಆ ಮನೆಯಲ್ಲಿ ಯಾರೂ ನನಗೆಂದು ಏನೂ ತಂದಿರಲಿಲ್ಲ. ಅವರಿಗೆ ಕೊನೆಗೂ ನನ್ನ ಮೇಲೆ ಮನಸ್ಸಾಯಿತು ಅಂದುಕೊಂಡೆ.

“ಹೊಸಾ ಸ್ಟೋ ಮನಿ ಸೊಸಿನ ಹಚ್ಚಬೇಕು. ಹೊಸಾ ಸೀರಿ ಉಟ್ಕೊಂಡು ಹಚ್ಚು,” ಎಂದಳು ಅವಳು. ಸುಡು ಮಧ್ಯಾಹ್ನ. ಸಂಜೆಯಾದರೆ ದೊಡ್ಡವ್ವ ಕೇಳಲು ಬರುತ್ತಾಳೆಂದು ಅವರು ಹೊತ್ತು ನೋಡಿಕೊಂಡಿದ್ದರೆಂದು ಆಮೇಲೆ ತಿಳಿಯಿತು. ಗಂಡ ಅಂಗಡಿಯಲ್ಲಿದ್ದ. ಆ ಹುಡುಗಿಯನ್ನು ಎಲ್ಲಿಗೋ ಕಳಿಸಿದ್ದರು.

ನಾನು ಸೀರೆ ಉಟ್ಟು ಅಡುಗೆಮನೆಗೆ ಬಂದೆ. ಯಾವಾಗಲೂ ಕಲ್ಲಿನ ಮೇಲೆ ಇಡುವ ಸ್ಟೋವನ್ನು ಅಂದು ಗೋಣಿತಟ್ಟಿನ ಮೇಲೆ ಇಟ್ಟಿದ್ದರು. ನೆಲ ಕರಿಯಾಗುತ್ತದೆ ಎಂದರು. ಕೂತೆ. ರೂಢಿಯಂತೆ ಸ್ಟೋವನ್ನು ಎತ್ತಿ ಅಲುಗಾಡಿಸಿದೆ. ಸಪ್ಪಳವೇ ಇಲ್ಲ. ಕಂಠಮಟ್ಟ ತುಂಬಿತ್ತು. ಪಂಪನ್ನು ಮೊದಲೇ ಯಾರೋ ಬಿಗಿಯಾಗಿ ಹೊಡೆದಿಟ್ಟಿದ್ದರು. ಕೂತ ಕಡೆ ಮೊಣಕಾಲಿಗೆ ತಂಪು ತಾಗಿತು. ತಟ್ಟು ಒದ್ದೆಯಾಗಿತ್ತು. ನೀರಿರಬೇಕೆಂದು ಕೈಯಿಟ್ಟು ಮೂಸಿದೆ.

ತಲೆ ಎತ್ತಿ ನೋಡಿದೆ. ಕಿಟಕಿ ಮುಚ್ಚಿತ್ತು. ಹಿತ್ತಲ ಬಾಗಿಲಿಗೆ ಅಗಳಿ ಬಿದ್ದಿತ್ತು. ತಲೆಬಾಗಿಲನ್ನು ಮುಂದಕ್ಕೆ ಮಾಡಿ ಅತ್ತೆ ಹೊಸ್ತಿಲ ಹತ್ತಿರ ಕೂತಿದ್ದರು, ನನ್ನ ಕಡೆ ನೋಡುತ್ತಿರಲಿಲ್ಲ. ಗಂಡನ ಅಕ್ಕ ಮಾತ್ರ ಅಡುಗೆಮನೆಯ ಬಾಗಿಲಿಗೆ ಒರಗಿ ನನ್ನ ಕೈಯನ್ನೇ ನೋಡುತ್ತಿದ್ದಳು. ನನ್ನ ಕೈಯಲ್ಲಿ ಕಡ್ಡಿಪೆಟ್ಟಿಗೆ ಇತ್ತು.

“ಗೀರು,” ಎಂದಳು.

ಆಗ ಎಲ್ಲ ತಿಳಿಯಿತು. ಹೊಸ ಸೀರೆ ನೈಲಾನಿನದೇ ಯಾಕೆಂದೂ ತಿಳಿಯಿತು. ಕೂಗಿದರೆ ಏನಾಗುತ್ತದೆ, ಓಡಿದರೆ ಏನಾಗುತ್ತದೆ... ಒಂದು ಕಡ್ಡಿಯ ಕೆಲಸ, ಅದನ್ನು ಅವಳೂ ಗೀರಬಹುದು. ಪಕ್ಕದಲ್ಲಿ ನೀರಿನ ಬಕೆಟ್ ಇತ್ತು. ಕಡ್ಡಿಪೆಟ್ಟಿಗೆ ನನ್ನ ಕೈಯಿಂದ ಅದರೊಳಗೆ ಬಿತ್ತು. ಜಾರಿತೋ, ನಾನೇ ಬಿಟ್ಟೆನೋ, ಇವತ್ತಿಗೂ ಗೊತ್ತಿಲ್ಲ.

“ಅಯ್ಯ, ತೋಯ್ದುಹೋತು. ದೊಡ್ಡವ್ವನ ಕಡೆ ನಾಕ ಕಡ್ಡಿ ಇಸ್ಕೊಂಡ ಬರ್ತೀನ್ರಿ,” ಎಂದು ಎದ್ದೆ.

ಅದು ದಿನಾ ಆಡುವ ಮಾತಿನಂತೆಯೇ ಬಾಯಿಂದ ಬಂತು. ದೊಡ್ಡವ್ವ ನಮ್ಮ ಬಾಗಿಲಲ್ಲಿ ನಿಂತು ಸಂಜೆ ಸಂಜೆ ಆಡಿದ ಮಾತಿನ ಧಾಟಿ ಅದು. ಗಂಡನ ಅಕ್ಕ “ನಿಲ್ಲು” ಎನ್ನುವುದರೊಳಗೆ ಅವಳನ್ನು ದಾಟಿ, ಅತ್ತೆಯ ಪಕ್ಕದಿಂದ ಕೈ ಚಾಚಿ ಬಾಗಿಲು ಎಳೆದೆ. ಹೊರಗೆ ಬಿಸಿಲು. ಓಣಿಯ ಉದ್ದಕ್ಕೂ ನೂಲು ಹಾಸಿ ಮಂದಿ ಗಂಜಿ ಹಚ್ಚುತ್ತಿದ್ದರು. ಅಷ್ಟು ಜನರೆದುರು ಸೊಸೆಯ ಕೈ ಹಿಡಿದು ಒಳಗೆ ಎಳೆಯುವ ಧೈರ್ಯ ಅವರಿಗೆ ಆಗಲಿಲ್ಲ. ನಾನು ಓಡಲಿಲ್ಲ. ಓಡಿದರೆ ಬೀಳುತ್ತೇನೆ ಅನ್ನಿಸಿತು. ನಡೆದುಕೊಂಡೇ ಹೋದೆ.

ದೊಡ್ಡವ್ವ ಒಳಮನೆಯಲ್ಲಿ ಗಂಜಿ ಕಾಸುತ್ತಿದ್ದಳು. ಅಷ್ಟು ದಿನ ನನ್ನನ್ನು ಆ ಒಳಮನೆಗೆ ಬಿಟ್ಟಿರಲೇ ಇಲ್ಲ. ಪಾತ್ರೆಯ ಕೆಳಗೆ ಹುಣಸೆಹಣ್ಣಿನಲ್ಲಿ ತಿಕ್ಕಿ ಹೊಳಪಿಸಿದ ಒಂದು ಸ್ಟೋವು ನೀಲಿ ಉರಿ ಬಿಟ್ಟುಕೊಂಡು ಭರ್ರೆಂದು ಉರಿಯುತ್ತಿತ್ತು. ನಮ್ಮದು ಮೂಲೆಯಲ್ಲಿ ಸುಮ್ಮನೆ ಕೂತಿತ್ತು.

ನನ್ನನ್ನು ಕಂಡವಳೇ ಆಕೆ ಸ್ಟೋವಿನ ಗಾಳಿ ಬಿಟ್ಟು ಆರಿಸಿದಳು. ಆಮೇಲೆ ಬಾಗಿ ನನ್ನ ಸೀರೆಯ ಅಂಚು ಹಿಡಿದು ಮೂಸಿದಳು. ಪೆಟ್ಟಿಗೆಯಿಂದ ತನ್ನದೊಂದು ಹತ್ತಿ ಸೀರೆ ತೆಗೆದು ನನ್ನ ಕೈಗೆ ಕೊಟ್ಟಳು.

“ನಿಮ್ಮ ಸ್ಟೋ ಕೆಟ್ಟೈತಿ ಅಂದಿದ್ರಲ್ಲರಿ...” ಎಂದೆ.

“ಒಂದಿನಾನೂ ಕೆಟ್ಟಿಲ್ಲವ್ವ,” ಎಂದಳು.

ಗಂಜಿ ಹಚ್ಚಿದ ನೂಲನ್ನು ನಡುವೆ ಬಿಟ್ಟು ನೇಕಾರರು ಏಳುವುದಿಲ್ಲ. ಒಣಗಿ ಗಂಟಾಗಿ ಅಷ್ಟೂ ನೂಲು ಹಾಳು. ದೊಡ್ಡವ್ವ ಆ ದಿನ ಎದ್ದಳು. ನನ್ನ ಕೈ ಹಿಡಿದು ಓಣಿಯ ಮಧ್ಯದಲ್ಲೇ, ತನ್ನ ನೂಲಿನ ಪಕ್ಕದಲ್ಲೇ ನಡೆಸಿಕೊಂಡು ಹೋಗಿ, ಶಿರಹಟ್ಟಿ ಬಸ್ಸು ಹತ್ತಿ ನನ್ನ ಅವ್ವನ ಮುಂದೆ ತಂದು ನಿಲ್ಲಿಸಿದಳು. ದಾರಿಯುದ್ದಕ್ಕೂ ಕೈ ಬಿಡಲಿಲ್ಲ.

ಆಮೇಲಿನದು ದೊಡ್ಡ ಕಥೆಯೇನಲ್ಲ. ಹಿರಿಯರು ಕೂತು ಮಾತಾಡಿದರು, ಹೊಂದಿಕೊಂಡು ಹೋಗು ಎಂದರು, ನಾನು ಹೋಗಲಿಲ್ಲ. ಇಲ್ಲಿ ಲಕ್ಷ್ಮೇಶ್ವರಕ್ಕೆ ಬಂದು ಹೊಲಿಗೆ ಕಲಿತು ಇಲ್ಲೇ ಉಳಿದೆ. ಆ ಹುಡುಗಿ ನನ್ನ ಗಂಡನನ್ನು ಮದುವೆಯಾದಳು. ಅವಳ ಮೇಲೆ ನನಗೆ ಸಿಟ್ಟಿಲ್ಲ, ಅವಳನ್ನು ಯಾರೂ ಕೇಳಿರಲಿಕ್ಕಿಲ್ಲ.

ಕೆಲವು ವರ್ಷಗಳ ಮೇಲೆ ಒಮ್ಮೆ ಬೆಟಗೇರಿಗೆ ಹೋದೆ. ದೊಡ್ಡವ್ವ ಮುದುಕಿಯಾಗಿದ್ದಳು. ಅದೇ ಸ್ಟೋವಿನ ಮೇಲೆ ಚಹಾ ಕಾಸಿ ಕೊಟ್ಟಳು. ನಿಮಗೆ ಹೇಗೆ ಗೊತ್ತಾಯಿತು ಎಂದು ಕೇಳಿದೆ.

“ನಿಮ್ಮತ್ತಿ, ಆಕಿ ಮಗಳು ಹಿತ್ತಲದಾಗ ಮಾತಾಡಿದ್ದು ಬಾವಿ ಕಟ್ಟಿಗೆ ನಿಂತಾಕಿ ಕೇಳಿದ್ದೆ. ‘ಸ್ಟೋ ಸಿಡೀತು ಅಂದ್ರಾತು’ ಅಂದ್ಳು ನಿಮ್ಮ ನಾದಿನಿ. ಆ ಮಾತು ನಾ ಮೊದ್ಲೂ ಕೇಳಿದ್ದೆ,” ಎಂದಳು. ಆಮೇಲೆ ಸ್ಟೋವಿನ ಕಡೆ ಕೈ ಮಾಡಿದಳು. “ನನ್ನ ಮಗಳನ್ನ ಮುಂಡರಗಿಗೆ ಕೊಟ್ಟಿದ್ದೆ. ಸ್ಟೋ ಸಿಡೀತು ಅಂತ ಖಬರ್ ಬಂತು. ಹೋದೆ. ಮಣ್ಣ ಮಾಡಿದ ಮ್ಯಾಲ, ಸಿಡದ ಸ್ಟೋ ತೋರಸ್ರಿ ಅಂದೆ. ಯಾರೂ ಮಾತಾಡಲಿಲ್ಲ. ನಾನ ಒಳಗ ಹೋಗಿ ನೋಡಿದೆ. ಕಟ್ಟಿ ಮ್ಯಾಲ ಥಳಥಳ ಕುಂತಿತ್ತು. ಒಂದು ನೆಗ್ಗ ಇಲ್ಲ. ಎತ್ಕೊಂಡ ಬಂದೆ. ಇದ ನೋಡವ್ವ, ಸಿಡದ ಸ್ಟೋ.”

ನಾನು ಚಹಾದ ಲೋಟವನ್ನು ಕೆಳಗಿಟ್ಟೆ.

“ಆಕಿ ಬಾಜೂಮನ್ಯಾಗೂ ಮಂದಿ ಇದ್ರು,” ಎಂದಳು ದೊಡ್ಡವ್ವ. “ಯಾರೂ ಸ್ಟೋ ಕೇಳಾಕ ಹೋಗಲಿಲ್ಲ.”

ದೊಡ್ಡವ್ವ ತೀರಿಹೋದದ್ದು ನನಗೆ ತಿಂಗಳಾದ ಮೇಲೆ ತಿಳಿಯಿತು. ಓಣಿಗೆ ಹೋದಾಗ ಬಾಗಿಲಿಗೆ ಬೀಗ ಇತ್ತು. ಮಗ್ಗ ಎಲ್ಲಿ ಹೋಯಿತೋ, ಸ್ಟೋವು ಯಾರ ಪಾಲಾಯಿತೋ ಯಾರಿಗೂ ಗೊತ್ತಿರಲಿಲ್ಲ. ನನ್ನ ಅವ್ವನಿಗೆ ಅತ್ತದ್ದಕ್ಕಿಂತ ಹೆಚ್ಚು ಅತ್ತದ್ದು ಆಕೆಗಾಗಿ. ಅಲ್ಲಿ ಅಳಲು ನನಗೆ ಏನು ಸಂಬಂಧ ಎಂದು ಯಾರಾದರೂ ಕೇಳಿದ್ದರೆ ಹೇಳಲು ಒಂದು ಶಬ್ದವೂ ನನ್ನಲ್ಲಿರಲಿಲ್ಲ.

ಇಲ್ಲಿ ನಮ್ಮ ಬಾಜೂಮನೆಗೆ ಈಚೆಗೆ ಹೊಸ ಸೊಸೆ ಬಂದಿದ್ದಾಳೆ. ಮೊದಮೊದಲು ನಗುತ್ತಿದ್ದಳು, ಈಗ ಬಹಳ ನಗುವುದಿಲ್ಲ. ಗೋಡೆಯಾಚೆಯ ದನಿಗಳು ಸಂಜೆ ಹೊತ್ತು ಏರುತ್ತವೆ. ಸ್ಟೋವಿನ ಕಾಲ ಹೋಯಿತು, ಈಗ ಎಲ್ಲರ ಮನೆಯಲ್ಲೂ ಗ್ಯಾಸು. ನಾನು ದಿನಾ ಆ ಹೊತ್ತಿಗೆ ಬಟ್ಟಲು ಹಿಡಿದು ಅವರ ಬಾಗಿಲಿಗೆ ಹೋಗಿ ಸಕ್ಕರೆ ಕೇಳುತ್ತೇನೆ. ಹುಡುಗಿ ಮುಖ ಗಂಟು ಹಾಕಿಕೊಂಡು ತಂದು ಕೊಡುತ್ತಾಳೆ. ಒಂದು ಡಬ್ಬಿ ಸಕ್ಕರೆ ತರಿಸಿಕೊಳ್ಳಲಾರದವಳೇ ಈಕೆ ಎಂದು ಅಂದುಕೊಳ್ಳುತ್ತಿರಬೇಕು. ನಮ್ಮ ಮನೆಯಲ್ಲಿ ಸಕ್ಕರೆ ಒಂದು ದಿನವೂ ತೀರಿಲ್ಲ.