ಗುಡ್ಡದ ನೀರಿನ ಗುಳಿಗೆ

ಗಜೇಂದ್ರಗಡದ ದೊಡ್ಡ ಮನೆಗಳಿಗೆಲ್ಲ ನಾನೇ ಡಾಕ್ಟರ್. ರೋಣದಿಂದ, ನರಗುಂದದಿಂದಲೂ ನನಗಾಗಿ ಕಾರು ಕಳಿಸುತ್ತಿದ್ದರು. ನನಗಿಂತ ಹೆಚ್ಚು ಓದಿದವರು ಇದ್ದರು, ಒಪ್ಪುತ್ತೇನೆ. ಆದರೆ ರೋಗಿಗೆ ನನ್ನಷ್ಟು ಚೆಂದವಾಗಿ ಸುಳ್ಳು ಹೇಳಬಲ್ಲವರು ಈ ಮೂರೂ ಊರಲ್ಲಿ ಇರಲಿಲ್ಲ.

ದೊಡ್ಡ ಮನೆಯವರು ದವಾಖಾನೆಯ ಬೆಂಚಿನ ಮೇಲೆ ಕೂತು ಕಾಯುವುದಿಲ್ಲ, ಡಾಕ್ಟರೇ ಮನೆಗೆ ಹೋಗಬೇಕು. ಹೋದವನನ್ನು ಬರಿ ಹೊಟ್ಟೆಯಲ್ಲಿ ಕಳಿಸುವುದೂ ಇಲ್ಲ. ಒಂದು ಮನೆಯಲ್ಲಿ ಮಿರ್ಚಿ, ಇನ್ನೊಂದರಲ್ಲಿ ಶೇಂಗಾ ಉಂಡಿ, ಮತ್ತೊಂದರಲ್ಲಿ ಕೆನೆಮೊಸರು. ಊರಿನ ಬೊಜ್ಜಿಗೆ ಔಷಧ ಬರೆಯುತ್ತ ಬರೆಯುತ್ತ ನಾನು ಎಷ್ಟು ದುಂಡಗಾದೆನೆಂದರೆ, ಸ್ಕೂಟರಿನ ಹಿಂದಿನ ಸೀಟಿನಲ್ಲಿ ಔಷಧದ ಚೀಲಕ್ಕೂ ಜಾಗ ಉಳಿಯಲಿಲ್ಲ.

ಕಾಳಿನ ವ್ಯಾಪಾರದ ಸಾಹುಕಾರರೊಬ್ಬರು ನನ್ನ ಓರಗೆಯವರು. ಒಂಬತ್ತು ವರ್ಷದ ಹಿಂದೆ ಅವರ ಸಕ್ಕರೆ ಕಾಯಿಲೆ ಏರಿತು. ಗುಳಿಗೆ ನುಂಗುತ್ತಿದ್ದರು, ನಡೆಯುತ್ತಿರಲಿಲ್ಲ. ಒಂದು ದಿನ ಅವರ ಹೆಂಡತಿ ಬಾಗಿಲಲ್ಲಿ ನನ್ನನ್ನು ತಡೆದರು.

"ಅಣ್ಣಾರ, ಹ್ಯಾಂಗರ ಮಾಡಿ ಇವರನ್ನ ನಡಸ್ರಿ. ಇವರು ನನಗ ಇನ್ನೂ ಭಾಳ ದಿನಾ ಬೇಕು."

ಸಾಹುಕಾರರ ಚಿಂತೆಯೇ ಬೇರೆ. "ಬಜಾರದಾಗ ನಾ ನಡಕೊಂತ ಹೊಂಟ್ರ, ಸಾವಕಾರ ಕಾರು ಮಾರಿದ, ಅಂಗಡಿ ಮುಳುಗಿತು ಅಂತಾರ್ರಿ. ನಾಳಿಂದ ಯಾರೂ ನಮ್ಮಲ್ಲಿಗೆ ಕಾಳು ತರೂದಿಲ್ಲ."

ಅದು ಖರೇ. ನಮ್ಮಲ್ಲಿ ಸಾಹುಕಾರ ನಡೆದರೆ ಊರು ಹಾಗೇ ತಿಳಿಯುತ್ತದೆ. ಆದರೆ ದೇವರ ಮೆಟ್ಟಿಲು ಹತ್ತಿದರೆ ಯಾರೂ ಏನೂ ಅನ್ನುವುದಿಲ್ಲ. ಗದಗಿಗೆ ಕಳಿಸಿ ಅವರ ಎದೆ ಗಟ್ಟಿಯಿದೆ ಎಂದು ಖಾತ್ರಿ ಮಾಡಿಕೊಂಡು, ಮಾಮೂಲಿ ಔಷಧದ ಜೊತೆಗೆ ಹಳದಿ ಗುಳಿಗೆಯ ಒಂದು ಪಟ್ಟಿ ಕೊಟ್ಟೆ.

"ಇದನ್ನ ಗುಡ್ಡದ ಗುಡಿ ಮುಂದ, ಕಲ್ಲಿನ ಸಂದಿಯಿಂದ ಬೀಳೂ ನೀರಿನ ಜೋಡಿನ ತಗೋಬೇಕು. ದಿನಾ ಮುಂಜಾನಿ."

"ಆಳಿನ ಕೈಲೆ ಬಾಟ್ಲಿ ತುಂಬಿಸಿ ತರಸ್ತೇನಿ."

"ಕೆಳಗಿಳಿದ್ರ ಆ ನೀರಿನ ಕಸುವು ಹೋಗ್ತೈತ್ರಿ."

ಅದು ಬರೀ ಶಕ್ತಿಯ ಗುಳಿಗೆ. ಸಾಹುಕಾರರು ಅದನ್ನು ತಿರುವಿ ತಿರುವಿ ನೋಡಿದರು. "ಆತು. ಆದ್ರ ಡಾಕ್ಟರ್ ಮುಂದ ನಿಂತು ತಗೋತೇನಿ. ನೀವು ಬರಲಿಲ್ಲಂದ್ರ ನಾನೂ ಇಲ್ಲ."

ಇಂಥ ರೋಗಿಯನ್ನು ಬಿಡುವುದುಂಟೇ? ಗುಡ್ಡದ ಬುಡದವರೆಗೆ ಕಾರು, ಆಮೇಲೆ ಮೆಟ್ಟಿಲು. ಮೊದಲ ದಿನ ಅರ್ಧ ಹತ್ತಿ ಇಬ್ಬರೂ ಕೂತೆವು. ಹೂ ಮಾರುವ ಮುದುಕಿ ನಮ್ಮನ್ನು ನೋಡಿ, "ನಿಮ್ಮಿಬ್ಬರಾಗ ಡಾಕ್ಟರ್ ಯಾರ್ರಿ?" ಎಂದಳು. ಸಾಹುಕಾರರು ತಮ್ಮ ಎದೆ ಮುಟ್ಟಿಕೊಂಡು ತೋರಿಸಿದರು.

ಹಾಗೆ ಒಂಬತ್ತು ವರ್ಷ ಹತ್ತಿದೆವು. ಅವರ ಸಕ್ಕರೆ ಇಳಿಯಿತು, ನನ್ನ ಸ್ಕೂಟರಿನಲ್ಲಿ ಔಷಧದ ಚೀಲಕ್ಕೆ ಮತ್ತೆ ಜಾಗವಾಯಿತು. ಅವರ ಮನೆಯೊಂದನ್ನು ಬಿಟ್ಟು ಮನೆಮನೆಗೂ ಹೋಗಿ ಈ ಉಪಾಯ ಹೇಳಿ ಜಂಬ ಕೊಚ್ಚಿಕೊಂಡೆ.

ಹೋದ ತಿಂಗಳು ಸಾಹುಕಾರರ ಮೊಣಕಾಲು ಕೈಕೊಟ್ಟಿತು. ನೋಡಲು ಹೋದರೆ ಕಾಲು ಚಾಚಿ ಮಂಚದ ಮೇಲಿದ್ದರು.

"ಸಿಟ್ಟಾಗಬ್ಯಾಡ್ರಿ, ಒಂದು ಮಾತು ಹೇಳ್ತೇನಿ. ಅದು ತಾಕತ್ತಿನ ಗುಳಿಗಿ ಅಂತ ಮೊದಲನೇ ದಿನಾನ ಗೊತ್ತಿತ್ತು. ಪಟ್ಟಿ ಹಿಂದ ಬರದಿದ್ದು ನನಗೂ ಓದಾಕ ಬರ್ತೈತಿ."

"ಮತ್ಯಾಕ ಹತ್ತಿದ್ರಿ?"

"ನಿಮ್ಮ ಮನಿಯವರು ನಮ್ಮಾಕಿ ಕಡೆ ಬಂದು ಅತ್ತಿದ್ರು. 'ನಮ್ಮವರಿಗೆ ಎರಡು ಹೆಜ್ಜಿಗೆ ತೇಕು ಹತ್ತತೈತಿ, ನನ್ನ ಮಾತು ಕೇಳೂದಿಲ್ಲ, ಪೇಶಂಟ್ ಸಲುವಾಗಿ ಅಂದ್ರ ಎಲ್ಲಿಗೆ ಬೇಕಾದ್ರೂ ಹೋಗ್ತಾರ' ಅಂತ. ಬಾಗಲದಾಗ ನಮ್ಮಾಕಿ ನಿಮಗ ಹೇಳಿದ್ದೂ ಅದಕ್ಕ."

ಮನೆಗೆ ಬಂದಾಗ ನನ್ನ ಹೆಂಡತಿ ಶೇಂಗಾ ಸುಲಿಯುತ್ತಿದ್ದಳು.

"ಒಂಬತ್ತು ವರ್ಷ ನನ್ನ ಮಂಗ್ಯಾ ಮಾಡಿದ್ಯಲ್ಲ."

"ನೀವು ಇಡೀ ಊರನ್ನ ಮಾಡೀರಿ. ನಾ ಒಬ್ಬರನ್ನ ಮಾಡೇನಿ," ಎಂದಳು, ತಲೆ ಎತ್ತದೆ. ಇನ್ನೊಂದು ಕಾಯಿ ಒಡೆದು ಸಣ್ಣ ದನಿಯಲ್ಲಿ, "ಆವಾಗ ಮಧ್ಯಾಹ್ನ ನೀವು ಮಲಗಿದಾಗ ಗೊರಕಿ ನಿಂತ್ರ, ಮೂಗಿನ ಮುಂದ ಕೈ ಹಿಡದು ನೋಡ್ತಿದ್ದೆ," ಎಂದಳು.

ಪಕ್ಕದಲ್ಲಿ ಕೂತು ನಾನೂ ಶೇಂಗಾ ಸುಲಿದೆ.

ಮರುದಿನ ಬೆಳಿಗ್ಗೆ ಒಬ್ಬನೇ ಗುಡ್ಡ ಹತ್ತಿದೆ. ಬಾಟಲಿ ತುಂಬಿಕೊಂಡು ಬಂದು ಸಾಹುಕಾರರ ಮಂಚದ ಪಕ್ಕ ಇಟ್ಟೆ.

"ಕೆಳಗಿಳಿದ್ರ ಕಸುವು ಹೋಗ್ತೈತಿ ಅಂದಿದ್ರಿ?"

"ಡಾಕ್ಟರ್ ಹೊತ್ತು ತಂದ್ರ ಹೋಗೂದಿಲ್ಲ."

ಅವರು ದಿಂಬಿನ ಕೆಳಗಿಂದ ಹಳದಿ ಗುಳಿಗೆಯ ಪಟ್ಟಿ ತೆಗೆದರು. ಒಂದನ್ನು ತಾವು ಬಾಯಿಗೆ ಹಾಕಿಕೊಂಡು, ಇನ್ನೊಂದನ್ನು ನನ್ನ ಅಂಗೈಯಲ್ಲಿಟ್ಟರು.