ರಕ್ತ ತೆಳು ಮಾಡುವ ಗುಳಿಗೆ

ನಾನು ಹಾನಗಲ್‌ನಲ್ಲಿ ಫಿಜಿಷಿಯನ್ ಆಗಿದ್ದ ಕೊನೆಯ ವರ್ಷಗಳ ಮಾತಿದು. ಶಾರದಾ ಎಂಬ ಇಪ್ಪತ್ತೆಂಟರ ಹೆಣ್ಣುಮಗಳ ಹೃದಯಕ್ಕೆ ಹುಬ್ಬಳ್ಳಿಯಲ್ಲಿ ಲೋಹದ ಕವಾಟ ಕೂರಿಸಿದ್ದರು. ಅದರ ಮೇಲೆ ರಕ್ತ ಹೆಪ್ಪುಗಟ್ಟಿದರೆ ಜೀವಕ್ಕೇ ಸಂಚಕಾರ. ಹಾಗಾಗಿ ಜೀವನಪೂರ್ತಿ ವಾರ್ಫರಿನ್ ಗುಳಿಗೆ. ಅದರ ಪರಿಣಾಮ ಅಳೆಯುವ ರಕ್ತಪರೀಕ್ಷೆಗೆ ಐಎನ್‌ಆರ್ ಎನ್ನುತ್ತೇವೆ. ಅವಳಿಗೆ ಅದು ಎರಡೂವರೆಯಿಂದ ಮೂರೂವರೆಯೊಳಗೆ ಇರಬೇಕಿತ್ತು; ಇಳಿದರೆ ಹೆಪ್ಪಿನ ಭಯ, ಏರಿದರೆ ರಕ್ತಸ್ರಾವದ ಭಯ.

ತವರಿನಲ್ಲಿದ್ದಷ್ಟು ದಿನ ಎಲ್ಲ ಸರಿಯಿತ್ತು. ಗಂಡನ ಮನೆಗೆ, ತಿಳವಳ್ಳಿಗೆ ಮರಳಿದ ಮೇಲೆ ನನ್ನ ಹತ್ತಿರ ಬರತೊಡಗಿದಳು. ಮೊದಲ ಸಲ ಐಎನ್‌ಆರ್ 2.7 ಇತ್ತು. ಆಮೇಲೆ 1.9ಕ್ಕೆ ಇಳಿಯಿತು, ಡೋಸ್ ಏರಿಸಿದೆ. ಮುಂದಿನ ಸಲ 1.4! ನನ್ನ ಸಿಟ್ಟು ನೆತ್ತಿಗೇರಿತು. ಗುಳಿಗೆ ನುಂಗದೆ ಸುಳ್ಳು ಹೇಳುತ್ತೀಯಾ ಎಂದು ಹತ್ತು ಜನರೆದುರು ಬೈದೆ. ಪಾಪ, ಅವಳು ಖಾಲಿ ಸ್ಟ್ರಿಪ್‌ಗಳನ್ನು ಮೇಜಿನ ಮೇಲಿಟ್ಟು ತಲೆ ತಗ್ಗಿಸಿದಳು. ನಾನು ಅದನ್ನೂ ನಂಬಲಿಲ್ಲ.

ಜೊತೆಗೆ ಬಂದಿದ್ದ ಅತ್ತೆ ನೀಲವ್ವ ಎದ್ದು ನಿಂತರು. ಸೊಸೆ ಗುಳಿಗೆ ನುಂಗುವುದನ್ನು ದಿನಾ ತಾವೇ ಎದುರು ಕೂತು ನೋಡುವುದಾಗಿ ಹೇಳಿದರು. ಊಟಕ್ಕೇನು ಹಾಕುತ್ತೀರೆಂದು ಆಗ ಕೇಳಿದೆ. ಅಲ್ಲಿಯವರೆಗೆ ಕೇಳಿರಲೇ ಇಲ್ಲ.

"ಈ ಗುಳಿಗಿ ರಕ್ತ ತೆಳು ಮಾಡತೈತಿ ಅಂತ ನೀವ ಹೇಳಿದ್ರೆಲ್ಲ, ಸಾಹೇಬ್ರ. ಆಪರೇಶನ್ ಆದಾಕಿ, ರಕ್ತ ನೀರಾದ್ರ ಹೆಂಗ್ರಿ? ಗಟ್ಟಿ ಆಗ್ಲಿ ಅಂತ ಎರಡೂ ಹೊತ್ತು ರೊಟ್ಟಿ ಜೋಡಿ ಮೆಂತೆ, ಹಕ್ಕರಿಕಿ ತಪ್ಪಲ ತಿನ್ನಸಾಕತ್ತೇನಿ."

ಅಯ್ಯೋ ಶಿವನೇ! ಇಂಥ ಹಸಿರು ಸೊಪ್ಪಿನಲ್ಲಿರುವ ವಿಟಮಿನ್ ಕೆ ವಾರ್ಫರಿನ್ ಕೆಲಸವನ್ನೇ ಕೆಡಿಸುತ್ತದೆ. ಹಿತ್ತಲಿನ ಸೊಪ್ಪನ್ನೆಲ್ಲ ಸೊಸೆಯ ತಾಟಿಗೆ ಹಾಕಿ, ಆ ತಾಯಿ ತಾವು ಬರೀ ಚಟ್ನಿಪುಡಿಯಲ್ಲಿ ರೊಟ್ಟಿ ಮುಗಿಸುತ್ತಿದ್ದರು. ವಿಷಯ ಬಿಡಿಸಿ ಹೇಳಿದೆ.

"ನನ್ನ ಕೈಯಾರೆ ಸೊಸೀನ ಕೊಲ್ಲಾಕ ಹೊಂಟಿದ್ನೇನ್ರಿ?"

"ಇಲ್ಲ ಯವ್ವಾ. ತೆಳು ಅನ್ನೋ ಮಾತು ನಂದು, ತಪ್ಪೂ ನಂದ."

ಪುಣ್ಯಕ್ಕೆ ಎಕೋ ಪರೀಕ್ಷೆಯಲ್ಲಿ ಕವಾಟ ಚೆನ್ನಾಗಿ ಆಡುತ್ತಿತ್ತು. ದಾಖಲು ಮಾಡಿಕೊಂಡು ಹೆಪ್ಪು ತಡೆಯುವ ಹೆಪಾರಿನ್ ಇಂಜೆಕ್ಷನ್ ಕೊಟ್ಟೆವು. ಡೋಸ್ ಏರಿಸಿದ್ದರಿಂದ ಸೊಪ್ಪನ್ನು ಒಮ್ಮೆಲೇ ನಿಲ್ಲಿಸಿದರೆ ರಕ್ತಸ್ರಾವದ ಭಯ. ಅದಕ್ಕೇ ದಿನಕ್ಕಿಷ್ಟೇ ಎಂದು ಗೊತ್ತುಮಾಡಿ, ಗುಳಿಗೆಯನ್ನು ಅದಕ್ಕೆ ಹೊಂದಿಸಿದೆ. ಹತ್ತನೆಯ ದಿನ ಐಎನ್‌ಆರ್ 2.8 ಬಂದಾಗ ಉಸಿರು ಬಿಟ್ಟೆ.

ಮನೆಗೆ ಹೊರಟ ದಿನ ಜನರೆದುರೇ ಶಾರದಾಳ ಕ್ಷಮೆ ಕೇಳಿದೆ.

"ಅದಿರ್ಲಿ ಬಿಡ್ರಿ," ಎಂದಳು. "ನಮ್ಮತ್ತಿ ಈಗ ನನಗ ಊಟಕ್ಕ ನೀಡಾಕ ಅಂಜಾಕತ್ತಾರ. ಅವ್ರಿಗೊಂದೀಟು ಧೈರ್ಯ ಹೇಳ್ರಿ."

ಹೇಳಿದೆ. ಆಮೇಲೆ ನಿವೃತ್ತನಾಗುವವರೆಗೂ, ನಾನು ಹೇಳಿದ್ದರಿಂದ ಏನು ತಿಳಿಯಿತೆಂದು ಮನೆಯಲ್ಲಿ ಅಡುಗೆ ಮಾಡುವವರ ಬಾಯಿಂದಲೇ ಕೇಳದೆ ಈ ಗುಳಿಗೆ ಯಾರಿಗೂ ಬರೆದುಕೊಡಲಿಲ್ಲ.